‘ಹಾರ್ಟ್ ಆಫ್ ಎ ಡಾಗ್’ ಬ್ಲೂರೇ: ಲಾರಿ ಆ್ಯಂಡರ್ಸನ್ ಅವರನ್ನು ಅರಿಯಲು ಈ ಒಂದು ಡಿಸ್ಕ್ ಸಾಕೇ?

ಅಮೆರಿಕದ ಪರ್ಫಾರ್ಮೆನ್ಸ್ ಕಲಾವಿದೆ, ಸಂಗೀತಗಾರ್ತಿ, ಚಿತ್ರ ನಿರ್ದೇಶಕಿ ಲಾರಿ ಆ್ಯಂಡರ್ಸನ್ ಅವರ ಕೆಲಸವನ್ನು ಎಲ್ಲಿಂದ ಶುರು ಮಾಡಬೇಕು ಎಂದು ಕೇಳುವವರಿಗೆ ಕೊಡಬಹುದಾದ ನೇರ ಉತ್ತರ ‘ಹಾರ್ಟ್ ಆಫ್ ಎ ಡಾಗ್’ ಚಿತ್ರಕ್ಕೆ ಅಮೆರಿಕದ ಡಿಸ್ಕ್ ಪ್ರಕಾಶನ ಸಂಸ್ಥೆ ಕ್ರೈಟೀರಿಯನ್ ತಂದ ಬ್ಲೂರೇ. 75 ನಿಮಿಷದ ಈ ಚಿತ್ರ 2015ರ ವೆನಿಸ್ ಚಿತ್ರೋತ್ಸವದ ಸ್ಪರ್ಧೆಯಲ್ಲಿತ್ತು. ಡಿಸ್ಕ್ ಬಂದದ್ದು 2016ರ ಕೊನೆಗೆ. ಕೊಳ್ಳಬಹುದೇ? ಖಂಡಿತ ಕೊಳ್ಳಬಹುದು. ಆದರೆ ಎರಡು ವಿಷಯ ಮೊದಲೇ ಗೊತ್ತಿರಲಿ. ಇದು ಟಿವಿಯ ಸ್ಪೀಕರಿನಲ್ಲಿ ಕೇಳಿ ಮುಗಿಸುವ ಚಿತ್ರ ಅಲ್ಲ. ಮತ್ತೆ, ನಮ್ಮಲ್ಲಿನ ಅಂಗಡಿಯಿಂದ ತಂದ ಪ್ಲೇಯರಿಗೆ ಹಾಕಿದರೆ ಇದು ಓಡದೇ ಇರುವ ಸಂಭವವೇ ಹೆಚ್ಚು.

ಎರಡನೆಯದನ್ನು ಮೊದಲು ಮುಗಿಸೋಣ. ಡಿಸ್ಕ್ ಎಲ್ಲಿ ಓಡಬೇಕು ಎಂದು ಗೊತ್ತುಮಾಡಲು ಜಗತ್ತನ್ನು ‘ರೀಜನ್’ ಎಂಬ ವಲಯಗಳಾಗಿ ಹಂಚಿದ್ದಾರೆ. ಕ್ರೈಟೀರಿಯನ್ ಅಮೆರಿಕದಲ್ಲಿ ತರುವ ಬ್ಲೂರೇಗಳು ರೀಜನ್ ‘ಎ’ಗೆ ಬೀಗ ಹಾಕಿದವು. ಭಾರತ ಇರುವುದು ರೀಜನ್ ‘ಸಿ’ಯಲ್ಲಿ. ಪ್ಲೇಯರ್ ಡಿಸ್ಕನ್ನು ಒಳಗೆ ಎಳೆದುಕೊಳ್ಳುತ್ತದೆ, ಒಂದೆರಡು ಕ್ಷಣ ತಿರುಗಿಸುತ್ತದೆ, ಆಮೇಲೆ ಪರದೆಯ ಮೇಲೆ ರೀಜನ್ ಹೊಂದುವುದಿಲ್ಲ ಎಂಬ ಸೂಚನೆ. ಡಿಸ್ಕ್ ಕೆಟ್ಟಿದೆ ಎಂದುಕೊಂಡು ವಾಪಸು ಕಳಿಸಬೇಡಿ. ಬೇಕಾದದ್ದು ಎಲ್ಲ ರೀಜನ್ ಓದುವ ಪ್ಲೇಯರ್. 4ಕೆ ಪ್ಲೇಯರ್ ಇದ್ದರೆ ಸಾಕು ಎಂಬ ತಪ್ಪು ತಿಳಿವಳಿಕೆಯೂ ಇದೆ. 4ಕೆ ಡಿಸ್ಕುಗಳಿಗೆ ರೀಜನ್ ಇಲ್ಲ ಎನ್ನುವುದು ನಿಜ, ಆದರೆ ಅದೇ ಪ್ಲೇಯರ್ ಮಾಮೂಲಿ ಬ್ಲೂರೇ ಓದುವಾಗ ರೀಜನ್ ನೋಡಿಯೇ ನೋಡುತ್ತದೆ. ಡಿವಿಡಿ ಆವೃತ್ತಿಯೂ ಇದೆ. ಅದು ರೀಜನ್ 1, ನಮ್ಮದು ರೀಜನ್ 5. ಕಂಪ್ಯೂಟರಿನ ಡಿವಿಡಿ ಡ್ರೈವಿನಲ್ಲಿ ರೀಜನ್ ಬದಲಿಸಬಹುದು, ಆದರೆ ಐದು ಸಲ ಮಾತ್ರ. ಆಮೇಲೆ ಡ್ರೈವ್ ಕೊನೆಯ ರೀಜನ್ನಿಗೇ ಅಂಟಿಕೊಳ್ಳುತ್ತದೆ. ಒಂದು ಚಿತ್ರಕ್ಕೋಸ್ಕರ ಆ ಅವಕಾಶ ಖರ್ಚು ಮಾಡುವ ಮುನ್ನ ಯೋಚಿಸಿ.

ಅಮೆರಿಕದಲ್ಲಿರುವ ಕನ್ನಡಿಗರಿಗೆ ಈ ತಾಪತ್ರಯ ಯಾವುದೂ ಇಲ್ಲ. ಅಲ್ಲಿಂದ ಯಾರಾದರೂ ಬರುವವರಿದ್ದರೆ ತರಿಸಿಕೊಳ್ಳುವುದು ಒಳ್ಳೆಯದು, ಕೊರಿಯರಿನ ಖರ್ಚು ಮತ್ತು ಕಸ್ಟಮ್ಸ್ ಸುಂಕ ಸೇರಿದರೆ ಬೆಲೆ ಎಲ್ಲಿಗೋ ಹೋಗುತ್ತದೆ. ಬಾರ್ನ್ಸ್ ಆ್ಯಂಡ್ ನೋಬಲ್ ಮಳಿಗೆಗಳು ಸಾಮಾನ್ಯವಾಗಿ ಜುಲೈ ಮತ್ತು ನವೆಂಬರಿನಲ್ಲಿ ಕ್ರೈಟೀರಿಯನ್ ಡಿಸ್ಕುಗಳನ್ನು ಅರ್ಧ ಬೆಲೆಗೆ ಮಾರುತ್ತವೆ. ಹೇಳಿ ಕಳಿಸುವುದಾದರೆ ಆ ತಿಂಗಳು ನೋಡಿ ಹೇಳಿ. ಕ್ರೈಟೀರಿಯನ್ ಚಾನೆಲ್ ಎಂಬ ಸ್ಟ್ರೀಮಿಂಗ್ ಸೇವೆ ಅಮೆರಿಕ, ಕೆನಡಾಗಳಿಗೆ ಮಾತ್ರ ಇರುವುದರಿಂದ ಅದನ್ನು ನೆಚ್ಚಿಕೊಳ್ಳುವಂತಿಲ್ಲ.

ಇನ್ನು ಚಿತ್ರ. ಕಥಾಚಿತ್ರ ಎನ್ನಲಾಗದು, ಸಾಕ್ಷ್ಯಚಿತ್ರ ಎಂದರೂ ಪೂರ್ತಿ ಸರಿಯಾಗದು. ಫ್ರೆಂಚ್–ಜರ್ಮನ್ ಟಿವಿ ಚಾನೆಲ್ ಆರ್ಟೆ ಕೇಳಿಕೊಂಡಿದ್ದಕ್ಕೆ ಆ್ಯಂಡರ್ಸನ್ ಮಾಡಿದ ಪ್ರಬಂಧ ಇದು. ಅವರ ರ್‍ಯಾಟ್ ಟೆರಿಯರ್ ನಾಯಿ ಲೋಲಾಬೆಲ್‌ನ ಬದುಕು, ಸಾವು, ತಾಯಿಯ ಸಾವು, 2001ರ ಸೆಪ್ಟೆಂಬರ್ 11ರ ನಂತರ ನ್ಯೂಯಾರ್ಕಿನಲ್ಲಿ ಎಲ್ಲೆಡೆ ಬಂದು ನಿಂತ ಕ್ಯಾಮರಾ, ಕಾವಲು, ಇವೆಲ್ಲ ಒಂದರೊಳಗೊಂದು ಹೆಣೆದುಕೊಂಡಿವೆ. ಶುರುವಾಗುವುದು ಆ್ಯಂಡರ್ಸನ್ ತಾವೇ ಬಿಡಿಸಿದ ಚಿತ್ರಗಳಿಂದ. ಕನಸಿನಲ್ಲಿ ತಾನು ಆ ನಾಯಿಯನ್ನೇ ಹೆತ್ತ ಸಂಗತಿಯನ್ನು ಅವರು ಸ್ವಲ್ಪವೂ ದನಿಯೇರಿಸದೆ ಹೇಳುತ್ತಾರೆ. ಅಲ್ಲಿಂದ ಮುಂದೆ ಐಫೋನ್, ಸಣ್ಣ ಡಿಜಿಟಲ್ ಕ್ಯಾಮರಾಗಳಲ್ಲಿ ತೆಗೆದ ತುಣುಕುಗಳು, ಮನೆಯವರು ತೆಗೆದ ಹಳೆಯ 8 ಮಿ.ಮೀ. ಫಿಲಂ, ಮಳೆಹನಿ ಇಳಿಯುವ ಗಾಜು. ಬ್ಲೂರೇ ಎಂದರೆ ಕಣ್ಣು ಕೋರೈಸುವ ಚಿತ್ರ ಎಂಬ ನಿರೀಕ್ಷೆ ಇಟ್ಟುಕೊಂಡವರು ಇಲ್ಲಿ ನಿರಾಶರಾಗುತ್ತಾರೆ. ಆ ಕಾಳು ಕಾಳಾದ ಬಿಂಬ ಮೂಲದಲ್ಲೇ ಇರುವುದು, ಡಿಸ್ಕಿನ ದೋಷ ಅಲ್ಲ. ಟಿವಿಯಲ್ಲಿ ಮೋಷನ್ ಸ್ಮೂತಿಂಗ್, ನಾಯ್ಸ್ ರಿಡಕ್ಷನ್ ಎರಡನ್ನೂ ಆಫ್ ಮಾಡಿ. ಇಲ್ಲವಾದರೆ ಮಳೆಯ ಗಾಜಿನ ದೃಶ್ಯಗಳು ಪ್ಲಾಸ್ಟಿಕ್ಕಿನಂತೆ ಕಾಣತೊಡಗುತ್ತವೆ.

ಒಂದು ಭಾಗವನ್ನು ಹತ್ತಿರದಿಂದ ನೋಡೋಣ, ಆ್ಯಂಡರ್ಸನ್ ಕೆಲಸ ಮಾಡುವ ಬಗೆ ಅಲ್ಲಿ ಸ್ಪಷ್ಟವಾಗುತ್ತದೆ. ಅವರು ನಾಯಿಯನ್ನು ಕರೆದುಕೊಂಡು ಕ್ಯಾಲಿಫೋರ್ನಿಯಾದ ಬೆಟ್ಟಗಳಿಗೆ ಹೋಗಿದ್ದಾರೆ. ನಡೆಯುವಾಗ ಗಿಡುಗಗಳು ಮೇಲಿನಿಂದ ಲೋಲಾಬೆಲ್ ಮೇಲೆ ಎರಗುವಂತೆ ಇಳಿದು, ಇದು ಮೊಲ ಅಲ್ಲ ಎಂದು ತಿಳಿದು ಮತ್ತೆ ಮೇಲೇರುತ್ತವೆ. ಅಪಾಯ ಆಕಾಶದಿಂದಲೂ ಬರಬಹುದು ಎಂಬುದು ನಾಯಿಗೆ ಆವತ್ತು ಮೊದಲ ಸಲ ಗೊತ್ತಾಗುತ್ತದೆ. ಆಮೇಲೆ ಅದು ದಾರಿಯುದ್ದಕ್ಕೂ ತಲೆಯೆತ್ತಿ ಗಾಳಿಯನ್ನು ಮೂಸುತ್ತಲೇ ನಡೆಯುತ್ತದೆ. ಆ ಮುಖಭಾವವನ್ನು ಎಲ್ಲಿ ನೋಡಿದ್ದೇನೆ ಎಂದು ಆ್ಯಂಡರ್ಸನ್ ನೆನಪು ಮಾಡಿಕೊಳ್ಳುತ್ತಾರೆ: ಅವಳಿ ಗೋಪುರ ಉರುಳಿದ ಮೇಲೆ ನ್ಯೂಯಾರ್ಕಿನ ನೆರೆಹೊರೆಯವರ ಮುಖದಲ್ಲಿ. ಇಷ್ಟೇ. ಹೋಲಿಕೆಯನ್ನು ಅವರು ಎಳೆಯುವುದಿಲ್ಲ, ಸಂಗೀತ ಏರಿಸುವುದಿಲ್ಲ, ಮುಂದಿನ ಮಾತಿಗೆ ಹೋಗಿಬಿಡುತ್ತಾರೆ.

ಇನ್ನೊಂದು, ಆಸ್ಪತ್ರೆಯ ಕಥೆ. ಬಾಲ್ಯದಲ್ಲಿ ಈಜುಕೊಳದ ಎತ್ತರದ ಹಲಗೆಯಿಂದ ಹಾರುವಾಗ ನೀರು ತಪ್ಪಿ ಕಾಂಕ್ರೀಟಿಗೆ ಬಡಿದು ಆ್ಯಂಡರ್ಸನ್ ಅವರ ಬೆನ್ನುಮೂಳೆ ಮುರಿಯಿತು. ಇನ್ನು ನಡೆಯಲಾಗದು ಎಂದರು ವೈದ್ಯರು. ಅವರು ತಪ್ಪು ಎಂದು ಆ ಹುಡುಗಿಗೆ ಗೊತ್ತಿತ್ತು. ದೊಡ್ಡ ಕಾದಂಬರಿಗಳನ್ನು ಓದುವ ವಯಸ್ಸಿನವಳಿಗೆ ಮೊಲದ ಕಥೆ ಓದಿ ಹೇಳಲು ಸ್ವಯಂಸೇವಕರು ಬರುತ್ತಿದ್ದರು. ಈ ಕಥೆಯನ್ನು ಆ್ಯಂಡರ್ಸನ್ ವರ್ಷಗಟ್ಟಲೆ ಹೀಗೆಯೇ ಹೇಳಿಕೊಂಡು ಬಂದಿದ್ದರು. ಒಂದು ಸಲ ಹೇಳುತ್ತಿರುವಾಗ ತಾವು ಬಿಟ್ಟಿದ್ದು ಏನು ಎಂಬುದು ಹೊಳೆಯಿತು. ಅದು ಸುಟ್ಟಗಾಯದ ಮಕ್ಕಳೂ ಇದ್ದ ವಾರ್ಡು. ರಾತ್ರಿ ಅವರ ಚೀರಾಟ. ಬೆಳಗ್ಗೆ ಖಾಲಿಯಾಗಿರುತ್ತಿದ್ದ ಹಾಸಿಗೆಗಳು. ಒಂದು ಕಥೆಯನ್ನು ಹಿಡಿದುಕೊಂಡು ಹೇಳಿ ಹೇಳಿ ನಡೆದದ್ದನ್ನೇ ಮರೆತುಬಿಡುವುದು ಹೇಗೆ ಎಂಬುದನ್ನು ಇದಕ್ಕಿಂತ ಪ್ರಾಮಾಣಿಕವಾಗಿ ತೋರಿಸಿದ ದೃಶ್ಯ ಸಿನಿಮಾದಲ್ಲಿ ಅಪರೂಪ. ಜೀವಮಾನವಿಡೀ ವೇದಿಕೆಯ ಮೇಲೆ ಕಥೆ ಹೇಳಿಯೇ ಹೆಸರು ಮಾಡಿದ ಕಲಾವಿದೆ ತಮ್ಮ ಕಸುಬಿನ ಮೇಲೆಯೇ ಈ ಪ್ರಶ್ನೆ ಇಡುತ್ತಾರೆ ಎಂಬುದರಿಂದ ಅದರ ತೂಕ ಇನ್ನೂ ಹೆಚ್ಚುತ್ತದೆ.

ನಾಯಿ ಸತ್ತ ಮೇಲಿನ ಭಾಗ ಟಿಬೆಟನ್ ಬೌದ್ಧರ ಬಾರ್ದೋ ಕಲ್ಪನೆಯ ಮೇಲೆ ನಿಂತಿದೆ: ಸತ್ತ ಜೀವ 49 ದಿನ ನಡುವಿನ ಸ್ಥಿತಿಯಲ್ಲಿರುತ್ತದೆ, ಆಗ ಅಳಬಾರದು, ಅತ್ತರೆ ಅದಕ್ಕೆ ದಾರಿ ತಪ್ಪುತ್ತದೆ. ಬೈಲುಕುಪ್ಪೆ, ಮುಂಡಗೋಡಿನ ಕಡೆಯವರಿಗೆ ಈ ಲೆಕ್ಕವನ್ನು ಬಿಡಿಸಿ ಹೇಳಬೇಕಿಲ್ಲ. ಆ್ಯಂಡರ್ಸನ್ ಅವರ ಪತಿ, ಸಂಗೀತಗಾರ ಲೂ ರೀಡ್ 2013ರಲ್ಲಿ ತೀರಿಕೊಂಡರು. ಚಿತ್ರದಲ್ಲಿ ಅವರ ಸಾವಿನ ಬಗ್ಗೆ ಒಂದು ಮಾತೂ ಇಲ್ಲ. ಕ್ಷಣಕಾಲ ಅವರು ಪರದೆಯ ಮೇಲೆ ಸುಳಿಯುತ್ತಾರೆ, ಕೊನೆಗೆ ಅವರ ಹಾಡು ಮತ್ತು ಅರ್ಪಣೆ ಬರುತ್ತದೆ. ಇದನ್ನು ತಿಳಿದುಕೊಂಡೇ ನೋಡಿದರೆ ನಷ್ಟವಿಲ್ಲ, ಲಾಭವೇ.

ಈಗ ಧ್ವನಿಯ ವಿಚಾರ, ಈ ಡಿಸ್ಕಿನ ಬೆಲೆಯೆಲ್ಲ ಇರುವುದು ಅಲ್ಲಿ. 5.1 ಡಿಟಿಎಸ್–ಎಚ್‌ಡಿ ಮಾಸ್ಟರ್ ಆಡಿಯೊ ಟ್ರ್ಯಾಕ್, ಅಂದರೆ ಸುತ್ತಲಿನ ಸ್ಪೀಕರುಗಳಿಂದ ಬರುವ ಧ್ವನಿ, ಇದೆ. ಆ್ಯಂಡರ್ಸನ್ ಅವರ ದನಿ ಮೈಕಿಗೆ ತೀರಾ ಹತ್ತಿರದಿಂದ ಹಿಡಿದದ್ದು, ಉಸಿರು ಸಹ ಕೇಳುತ್ತದೆ. ಅದರ ಕೆಳಗೆ ತಂತಿವಾದ್ಯ, ಎಲೆಕ್ಟ್ರಾನಿಕ್ ನಾದ, ಮಳೆ, ಊರಿನ ಗದ್ದಲ. ಟಿವಿಯ ಸಣ್ಣ ಸ್ಪೀಕರಿನಲ್ಲಿ ಕೆಳಗಿನ ನಾದವೆಲ್ಲ ಮಾಯವಾಗಿ ಬರೀ ಮಾತು ಉಳಿಯುತ್ತದೆ. ಆಗ ಚಿತ್ರ ಉಪನ್ಯಾಸವಾಗಿಬಿಡುತ್ತದೆ. ಹೋಮ್ ಥಿಯೇಟರ್ ರಿಸೀವರ್ ಇದ್ದವರು ಪ್ಲೇಯರಿನ ಆಡಿಯೊ ಸೆಟ್ಟಿಂಗಿನಲ್ಲಿ ಬಿಟ್‌ಸ್ಟ್ರೀಮ್ ಆಯ್ಕೆ ಮಾಡಿ. ಎರಡೇ ಸ್ಪೀಕರ್ ಇದ್ದರೆ ಪಿಸಿಎಂ ಸ್ಟೀರಿಯೊ ಮಾಡಿ. ನೈಟ್ ಮೋಡ್ ಅಥವಾ ಡೈನಾಮಿಕ್ ರೇಂಜ್ ಕಂಟ್ರೋಲ್ ಎಂಬುದು ಅನೇಕ ಪ್ಲೇಯರುಗಳಲ್ಲಿ ‘ಆಟೊ’ದಲ್ಲಿ ಇರುತ್ತದೆ, ಅದನ್ನು ಆಫ್ ಮಾಡದಿದ್ದರೆ ಪಿಸುಮಾತು ಮತ್ತು ಗುಡುಗು ಒಂದೇ ಮಟ್ಟಕ್ಕೆ ಬಂದು ಕೂರುತ್ತವೆ. ಇಷ್ಟೆಲ್ಲ ಸಲಕರಣೆ ಇಲ್ಲದವರಿಗೆ ಕಿವಿಯನ್ನು ಪೂರ್ತಿ ಮುಚ್ಚುವ ಒಂದು ಸಾಧಾರಣ ಹೆಡ್‌ಫೋನ್ ಸಾಕು. ಸಬ್‌ಟೈಟಲ್ ಇದೆ, ಆದರೆ ಮೊದಲ ಸಲ ಹಾಕಬೇಡಿ. ವಾಕ್ಯದ ನಡುವೆ ನಿಲ್ಲಿಸಿ ಕಾಯಿಸುವುದು ಆ್ಯಂಡರ್ಸನ್ ಅವರ ಲಯ. ಸಬ್‌ಟೈಟಲ್ ಆ ವಾಕ್ಯವನ್ನು ಅವರಿಗಿಂತ ಮೊದಲೇ ಮುಗಿಸಿಬಿಡುತ್ತದೆ. ಮೇಲಾಗಿ ಚಿತ್ರದಲ್ಲೇ ಅಲ್ಲಲ್ಲಿ ಅಕ್ಷರಗಳು ಪರದೆಯ ಮೇಲೆ ಬರುತ್ತವೆ, ಎರಡೂ ಸೇರಿದರೆ ಗೊಂದಲ. ಅವರ ಇಂಗ್ಲಿಷ್ ನಿಧಾನ, ಸ್ಪಷ್ಟ. ತಪ್ಪಿದ್ದನ್ನು ಎರಡನೇ ಸಲ ಸಬ್‌ಟೈಟಲ್ ಇಟ್ಟು ಹಿಡಿಯಬಹುದು.

ಧ್ವನಿಗೆ ಇಷ್ಟು ಒತ್ತು ಕೊಡುವುದಕ್ಕೆ ಕಾರಣ ಅವರ ವೃತ್ತಿಯ ಉದ್ದಕ್ಕೂ ಇದೆ. 1947ರಲ್ಲಿ ಇಲಿನಾಯ್‌ನಲ್ಲಿ ಹುಟ್ಟಿದ ಆ್ಯಂಡರ್ಸನ್ ಕಲಿತದ್ದು ಶಿಲ್ಪಕಲೆ. ಕೊಲಂಬಿಯಾ ವಿಶ್ವವಿದ್ಯಾಲಯದಿಂದ 1972ರಲ್ಲಿ ಸ್ನಾತಕೋತ್ತರ ಪದವಿ. ಎಳವೆಯಿಂದ ವಯಲಿನ್ ಅಭ್ಯಾಸವಿತ್ತು. ಎಪ್ಪತ್ತರ ದಶಕದ ‘ಡ್ಯುಯೆಟ್ಸ್ ಆನ್ ಐಸ್’ನಲ್ಲಿ ಮಂಜುಗಡ್ಡೆಯೊಳಗೆ ಹೆಪ್ಪುಗಟ್ಟಿಸಿದ ಸ್ಕೇಟ್ಸ್ ತೊಟ್ಟು ಬೀದಿಯಲ್ಲಿ ನಿಂತು, ಮೊದಲೇ ಮುದ್ರಿಸಿದ ನಾದಕ್ಕೆ ಜೊತೆಯಾಗಿ ವಯಲಿನ್ ನುಡಿಸಿದರು. ಮಂಜು ಕರಗಿ ಸ್ಕೇಟ್ಸ್ ಬಿಡುಗಡೆಯಾದಾಗ ಕಛೇರಿ ಮುಗಿಯುತ್ತಿತ್ತು. ಕಛೇರಿಯ ಅವಧಿಯನ್ನು ಹವಾಮಾನ ತೀರ್ಮಾನಿಸುವ ಈ ಏರ್ಪಾಟು ಶಿಲ್ಪಿಯೊಬ್ಬರಿಗೆ ಮಾತ್ರ ಹೊಳೆಯುವಂಥದ್ದು.

ಅದಕ್ಕಿಂತ ದೊಡ್ಡದು 1977ರ ಟೇಪ್–ಬೋ ವಯಲಿನ್. ಎಂಜಿನಿಯರ್ ಬಾಬ್ ಬಿಲೆಕಿ ನೆರವಿನಿಂದ ಮಾಡಿದ್ದು. ಕಮಾನಿಗೆ ಕುದುರೆ ಕೂದಲಿನ ಬದಲು ಧ್ವನಿ ತುಂಬಿದ ಮ್ಯಾಗ್ನೆಟಿಕ್ ಟೇಪ್, ವಯಲಿನ್ನಿನ ತಂತಿಗಳನ್ನು ಹೊರುವ ಕುದುರೆ (ಬ್ರಿಜ್) ಇರುವ ಜಾಗದಲ್ಲಿ ಟೇಪ್ ರೆಕಾರ್ಡರಿನ ಪ್ಲೇಬ್ಯಾಕ್ ಹೆಡ್. ಕಮಾನು ಎಳೆದರೆ ಮಾತು, ಹಿಂದಕ್ಕೆ ತಳ್ಳಿದರೆ ಅದೇ ಮಾತು ತಿರುವುಮುರುವು. ಬೇಗ ಎಳೆದರೆ ಶ್ರುತಿ ಏರುತ್ತದೆ, ನಿಧಾನಿಸಿದರೆ ಇಳಿಯುತ್ತದೆ. ಲೆಕ್ಕ ಹಾಕಿ ನೋಡಿ: ಕಮಾನಿನ ಮೇಲೆ ನಿಲ್ಲುವ ಟೇಪು ಸುಮಾರು 65 ಸೆಂ.ಮೀ. ಸೆಕೆಂಡಿಗೆ ಏಳೂವರೆ ಅಂಗುಲ ವೇಗದಲ್ಲಿ ಮುದ್ರಿಸಿದ್ದರೆ ಅದರಲ್ಲಿ ಹಿಡಿಯುವುದು ಮೂರು ಸೆಕೆಂಡಿಗಿಂತ ತುಸು ಹೆಚ್ಚಿನ ಮಾತು. ಅಂದರೆ ಒಂದು ಸಣ್ಣ ವಾಕ್ಯ. ಕೈಯ ವೇಗ ಒಂದಿಷ್ಟು ಹೆಚ್ಚುಕಡಿಮೆಯಾದರೂ ಶ್ರುತಿ ಅಲುಗುತ್ತದೆ. ಟೇಪು ಹೆಡ್ಡಿಗೆ ಓರೆಯಾಗಿ ತಾಗಿದರೆ ‘ಸ’ಕಾರ ‘ಶ’ಕಾರಗಳ ಹರಿತವೆಲ್ಲ ಹೋಗಿ ದನಿ ಮಂಕಾಗುತ್ತದೆ. ಆದ್ದರಿಂದ ಕಮಾನು ಹಿಡಿಯುವ ಶಿಸ್ತು ಮಾಮೂಲಿ ವಯಲಿನ್ನಿಗಿಂತ ಇಲ್ಲಿ ಬಿಗಿ. ಯಂತ್ರವೂ ಮನುಷ್ಯರ ಕೈಯೂ ಒಂದೇ ವಾಕ್ಯವನ್ನು ಸೇರಿ ಹೇಳುವುದು ಆ್ಯಂಡರ್ಸನ್ ಅವರ ಕೆಲಸದ ಬೇರು. ‘ಹಾರ್ಟ್ ಆಫ್ ಎ ಡಾಗ್’ನ ವಯಲಿನ್ ಕೇಳುವಾಗ ಇದು ಗೊತ್ತಿದ್ದರೆ ಕಿವಿ ಬೇರೆ ರೀತಿ ತೆರೆದುಕೊಳ್ಳುತ್ತದೆ.

‘ಓ ಸೂಪರ್‌ಮ್ಯಾನ್’ ಬಂದದ್ದು 1981ರಲ್ಲಿ, ವನ್ ಟೆನ್ ಎಂಬ ಪುಟ್ಟ ಸಂಸ್ಥೆಯಿಂದ. ಎಂಟು ನಿಮಿಷ ದಾಟುವ ಹಾಡು. ‘ಹ’ ಎಂಬ ಒಂದೇ ಉಸಿರನ್ನು ಹಾರ್ಮೊನೈಸರ್ ಎಂಬ ಧ್ವನಿಯಂತ್ರದಲ್ಲಿ ಮತ್ತೆ ಮತ್ತೆ ಸುತ್ತಿಬರುವಂತೆ ಲೂಪ್ ಮಾಡಿ ಆರಂಭದಿಂದ ಕೊನೆಯವರೆಗೆ ತಾಳದ ಜಾಗದಲ್ಲಿ ಇಟ್ಟಿದ್ದಾರೆ, ಅದರ ಮೇಲೆ ದನಿಯನ್ನು ಯಂತ್ರದ ನಾದವಾಗಿಸುವ ವೋಕೋಡರಿನಲ್ಲಿ ಹಾಯಿಸಿದ ದನಿ. ಫ್ರೆಂಚ್ ಸಂಗೀತ ಸಂಯೋಜಕ ಮಾಸೆನೆಯ ಒಪೆರಾದ ಒಂದು ಏಕಗಾನ (ಆರಿಯಾ), ಮತ್ತು ಇರಾನಿನಲ್ಲಿ ಸೆರೆಯಾದ ಅಮೆರಿಕನ್ನರನ್ನು ಬಿಡಿಸಲು ಹೋಗಿ 1980ರಲ್ಲಿ ವಿಫಲವಾದ ಸೈನಿಕ ಕಾರ್ಯಾಚರಣೆ ಇದರ ಹಿನ್ನೆಲೆ. ಬ್ರಿಟನ್ನಿನಲ್ಲಿ ಬಿಬಿಸಿ ನಿರೂಪಕ ಜಾನ್ ಪೀಲ್ ರೇಡಿಯೊದಲ್ಲಿ ಹಾಕಿದ ಮೇಲೆ ಅಲ್ಲಿನ ಜನಪ್ರಿಯ ಹಾಡುಗಳ ಪಟ್ಟಿಯಲ್ಲಿ ಎರಡನೇ ಸ್ಥಾನಕ್ಕೆ ಏರಿತು. ಅದರಿಂದಲೇ ವಾರ್ನರ್ ಬ್ರದರ್ಸ್ ಒಪ್ಪಂದ, 1982ರ ‘ಬಿಗ್ ಸೈನ್ಸ್’. ಇದನ್ನು ಕೊಳ್ಳುವವರು ನನ್‌ಸಚ್ ಸಂಸ್ಥೆ 2007ರಲ್ಲಿ ತಂದ ಮರುಸಂಸ್ಕರಿಸಿದ ಸಿಡಿಯನ್ನು ಕೇಳಿ ಪಡೆಯಿರಿ. ವಿನೈಲ್ ಬೇಕಿದ್ದರೆ 2021ರ ಕೆಂಪು ಎಲ್‌ಪಿ ಇದೆ.

ಆ ಹಾಡು ನಿಜವಾಗಿ ‘ಯುನೈಟೆಡ್ ಸ್ಟೇಟ್ಸ್’ ಎಂಬ ಮಹಾಪ್ರದರ್ಶನದ ಒಂದು ತುಂಡು. 1983ರಲ್ಲಿ ಬ್ರೂಕ್ಲಿನ್ ಅಕಾಡೆಮಿ ಆಫ್ ಮ್ಯೂಸಿಕ್‌ನಲ್ಲಿ ಎರಡು ಸಂಜೆ ಸೇರಿ ಸುಮಾರು ಎಂಟು ಗಂಟೆ ನಡೆಯಿತು. ಅದರ ಧ್ವನಿಮುದ್ರಣ 1984ರಲ್ಲಿ ಐದು ಎಲ್‌ಪಿಗಳಲ್ಲಿ, ಆಮೇಲೆ ನಾಲ್ಕು ಸಿಡಿಗಳಲ್ಲಿ ಬಂತು. ಕೇಳಬಹುದು, ಆದರೆ ಸ್ಲೈಡು, ನೆರಳು, ಮೈಭಾಷೆ ಇಲ್ಲದ ಅರ್ಧ ಅನುಭವ ಅದು.

‘ಹಾರ್ಟ್ ಆಫ್ ಎ ಡಾಗ್’ ಬ್ಲೂರೇಯ ದೊಡ್ಡ ಕೊರತೆ ಕಾಣುವುದು ಇಲ್ಲೇ. ಹೆಚ್ಚುವರಿ ಸಾಮಗ್ರಿಯೆಂದು ಕೊಟ್ಟಿರುವುದು ಸಹ ನಿರ್ಮಾಪಕ ಜೇಕ್ ಪರ್ಲಿನ್ ಜೊತೆಗಿನ ಮಾತುಕತೆ, ಕೈಬಿಟ್ಟ ದೃಶ್ಯಗಳು, ನಾಯಿಗಳಿಗಾಗಿ ನಡೆಸಿದ ಕಛೇರಿಯ ತುಣುಕು, ಒಂದು ವಿಡಿಯೊ ಕ್ರಿಸ್‌ಮಸ್ ಶುಭಾಶಯ, ಟ್ರೇಲರ್, ವಿಮರ್ಶಕ ಗ್ಲೆನ್ ಕೆನಿ ಬರೆದ ಪ್ರಬಂಧ. ಮಾತುಕತೆ ಚೆನ್ನಾಗಿದೆ. ನಾಯಿಗಳ ಕಛೇರಿಯನ್ನು ತಮಾಷೆ ಎಂದು ದಾಟಿಸಬೇಡಿ: 2010ರಲ್ಲಿ ಸಿಡ್ನಿ ಒಪೆರಾ ಹೌಸಿನ ಹೊರಗೆ ಶುರುವಾದ ಈ ಪ್ರಯೋಗ 2016ರ ಜನವರಿಯ ಚಳಿಯಲ್ಲಿ ಟೈಮ್ಸ್ ಸ್ಕ್ವೇರಿಗೂ ಬಂತು, ಅಲ್ಲಿ ಮನುಷ್ಯರಿಗೆ ಹೆಡ್‌ಫೋನ್ ಕೊಡಲಾಗಿತ್ತು. ಕೇಳುಗರು ಬದಲಾದರೆ ಸಂಗೀತ ಏನಾಗಬೇಕು ಎಂಬುದು ಅಲ್ಲಿ ಗಂಭೀರ ಪ್ರಶ್ನೆ. ಆದರೆ 1970–80ರ ವೇದಿಕೆಯ ಕೆಲಸದಿಂದ ಒಂದು ಪೂರ್ಣ ಪ್ರದರ್ಶನವಾದರೂ ಇದ್ದಿದ್ದರೆ ಈ ಡಿಸ್ಕಿನ ಮಹತ್ವವೇ ಬೇರೆಯಾಗುತ್ತಿತ್ತು.

ಅವರೇ ನಿರ್ದೇಶಿಸಿದ ಕಛೇರಿ ಚಿತ್ರ ‘ಹೋಮ್ ಆಫ್ ದ ಬ್ರೇವ್’ 1986ರಲ್ಲಿ ಬಿಡುಗಡೆಯಾಯಿತು. ನ್ಯೂಜೆರ್ಸಿಯ ಯೂನಿಯನ್ ಸಿಟಿಯಲ್ಲಿ ಚಿತ್ರೀಕರಿಸಿದ 90 ನಿಮಿಷ. ಮೈಗೆ ಡ್ರಮ್ ಸೆನ್ಸರುಗಳನ್ನು ಹೊಲಿದ ಉಡುಪು ತೊಟ್ಟು, ಮೊಣಕಾಲು, ಎದೆ ತಟ್ಟಿಕೊಂಡು ತಾಳ ಹುಟ್ಟಿಸುವ ಕುಣಿತ ಅದರಲ್ಲಿದೆ. ಗಿಟಾರಿನಲ್ಲಿ ಏಡ್ರಿಯನ್ ಬೆಲ್ಯೂ. ಲೇಖಕ ವಿಲಿಯಂ ಬರೋಸ್ ಬಂದು ಆ್ಯಂಡರ್ಸನ್ ಜೊತೆ ಟ್ಯಾಂಗೊ ಹೆಜ್ಜೆ ಹಾಕುತ್ತಾರೆ. ವಿಎಚ್‌ಎಸ್, ಲೇಸರ್‌ಡಿಸ್ಕ್ ಕಾಲದಲ್ಲಿ ಸಿಗುತ್ತಿದ್ದ ಇದನ್ನು ಡಿವಿಡಿ ಯುಗದಲ್ಲಿ ಯಾರೂ ತರಲಿಲ್ಲ. ಆ್ಯಂಡರ್ಸನ್ ಅವರನ್ನು ‘ಒಂದು ಹಿಟ್ ಹಾಡಿನ ಗಾಯಕಿ’ ಎಂದು ಹೊಸ ತಲೆಮಾರು ತಿಳಿದಿದ್ದರೆ ಅದಕ್ಕೆ ಈ ಕೊರತೆಯೂ ಕಾರಣ. 1995ರಲ್ಲಿ ಹ್ಸಿನ್–ಚಿಯೆನ್ ಹುವಾಂಗ್ ಜೊತೆ ಮಾಡಿದ ‘ಪಪೆಟ್ ಮೋಟೆಲ್’ ಸಿಡಿ–ರಾಮ್ ಗತಿ ಇನ್ನೂ ಕಷ್ಟ: ಹಳೆಯ ಮ್ಯಾಕ್ ವ್ಯವಸ್ಥೆಗೆ ಬರೆದ ಅದು ಇಂದಿನ ಕಂಪ್ಯೂಟರಿನಲ್ಲಿ ನೇರವಾಗಿ ತೆರೆಯುವುದಿಲ್ಲ, ಹಳೆಯ ಕಂಪ್ಯೂಟರನ್ನು ಅನುಕರಿಸುವ ಎಮ್ಯುಲೇಟರ್ ತಂತ್ರಾಂಶ ಬೇಕು. ಹಳೆಯ ಡಿಸ್ಕನ್ನು ದುಬಾರಿ ಬೆಲೆಗೆ ಕೊಳ್ಳುವ ಮುನ್ನ ಇದು ನೆನಪಿರಲಿ. 2012ರ ಸ್ಯಾಂಡಿ ಚಂಡಮಾರುತದಲ್ಲಿ ಅವರ ನೆಲಮಾಳಿಗೆಗೆ ನೀರು ನುಗ್ಗಿ ವರ್ಷಗಳಿಂದ ಕೂಡಿಟ್ಟ ಸಲಕರಣೆ, ಸಾಮಗ್ರಿ ಹಾಳಾಯಿತು. ಉಳಿದಿರುವುದನ್ನು ಒಳ್ಳೆಯ ಡಿಸ್ಕಿನಲ್ಲಿ ತರುವುದು ಇನ್ನಷ್ಟು ತುರ್ತಿನ ಕೆಲಸ ಅನ್ನಿಸುವುದು ಅದಕ್ಕೇ. ಆ ನಷ್ಟದಿಂದಲೇ ಕ್ರೋನೋಸ್ ಕ್ವಾರ್ಟೆಟ್ ಎಂಬ ತಂತಿವಾದ್ಯ ತಂಡದ ಜೊತೆಗಿನ ‘ಲ್ಯಾಂಡ್‌ಫಾಲ್’ ಹುಟ್ಟಿತು. 2018ರಲ್ಲಿ ಬಂದ ಆ ಆಲ್ಬಂಗೆ ಗ್ರ್ಯಾಮಿಯೂ ಸಿಕ್ಕಿತು.

ಹಾಗಾದರೆ ಕೊಳ್ಳುವ ಕ್ರಮ ಹೇಗಿರಲಿ? ಎಲ್ಲ ರೀಜನ್ ಓದುವ ಪ್ಲೇಯರ್ ಈಗಾಗಲೇ ಇದ್ದವರು ಬ್ಲೂರೇಯನ್ನೇ ತೆಗೆದುಕೊಳ್ಳಿ, ಎರಡನೇ ಮಾತಿಲ್ಲ. ಇಲ್ಲದವರು ಪ್ಲೇಯರಿಗೆ ದುಡ್ಡು ಹಾಕುವ ಮುನ್ನ 2015ರಲ್ಲಿ ನನ್‌ಸಚ್ ತಂದ ‘ಹಾರ್ಟ್ ಆಫ್ ಎ ಡಾಗ್’ ಆಲ್ಬಂ ಕೇಳಿ. ಸಾಮಾನ್ಯ ಸೌಂಡ್‌ಟ್ರ್ಯಾಕಿನಂತೆ ಹಾಡುಗಳ ಗೊಂಚಲು ಇದಲ್ಲ. ಚಿತ್ರದ ಇಡೀ ಧ್ವನಿ, ಮಾತು ಮತ್ತು ಸಂಗೀತ ಸಮೇತ, ಇದರಲ್ಲಿದೆ. ಚಿತ್ರವಿಲ್ಲದೆಯೂ ಇದು ನಿಲ್ಲುತ್ತದೆ, ಗಿಡುಗದ ಭಾಗವಂತೂ ಕಣ್ಣು ಮುಚ್ಚಿ ಕೇಳಿದರೆ ಇನ್ನೂ ಚುರುಕು. ಸ್ಟ್ರೀಮಿಂಗ್ ಆ್ಯಪಿನಲ್ಲಿ ಕೇಳುವವರು ಷಫಲ್, ಕ್ರಾಸ್‌ಫೇಡ್ ಎರಡನ್ನೂ ಆಫ್ ಮಾಡಿ. ಒಂದೇ ಹರಿವಿನ ಕೆಲಸವನ್ನು ಹಲವು ಟ್ರ್ಯಾಕುಗಳಾಗಿ ತುಂಡು ಮಾಡಿರುವುದರಿಂದ ಕ್ರಾಸ್‌ಫೇಡ್ ಇದ್ದರೆ ಒಂದು ಕಥೆಯ ಕೊನೆಯ ಮಾತಿನ ಮೇಲೆ ಮುಂದಿನದು ಹತ್ತಿ ಕೂರುತ್ತದೆ.

ಖರ್ಚೇ ಇಲ್ಲದ ದಾರಿಯೂ ಇದೆ. 2021ರಲ್ಲಿ ಹಾರ್ವರ್ಡಿನ ನಾರ್ಟನ್ ಪ್ರಾಧ್ಯಾಪಕಿಯಾಗಿ ಆ್ಯಂಡರ್ಸನ್ ಆರು ಉಪನ್ಯಾಸ ಕೊಟ್ಟರು, ಕೋವಿಡ್ ಕಾರಣ ಎಲ್ಲವೂ ಆನ್‌ಲೈನ್. ಅಲ್ಲಿನ ಮಹೀಂದ್ರ ಹ್ಯುಮಾನಿಟೀಸ್ ಸೆಂಟರಿನ ಯೂಟ್ಯೂಬ್ ಪುಟದಲ್ಲಿ ನೋಡಬಹುದು. ವಿಡಿಯೊ ಕರೆಯ ಹಿನ್ನೆಲೆ ಬದಲಿಸುವ ಸೌಲಭ್ಯವನ್ನೇ ರಂಗಸಜ್ಜಿಕೆ ಮಾಡಿಕೊಂಡು, ದನಿ ಬದಲಿಸಿ, ವಯಲಿನ್ ನುಡಿಸಿ, ತಮ್ಮ ಹಳೆಯ ಕೆಲಸವನ್ನು ತಾವೇ ಬಿಡಿಸಿ ಹೇಳುತ್ತಾರೆ. ಡಿಸ್ಕಿನಲ್ಲಿ ಇಲ್ಲದ ವೃತ್ತಿಯ ಚರಿತ್ರೆ ಬಹುಪಾಲು ಇಲ್ಲಿ ಸಿಗುತ್ತದೆ. ಮೊದಲನೆಯದರಿಂದಲೇ ಶುರು ಮಾಡಿ, ಒಂದೊಂದೂ ಗಂಟೆ ದಾಟುತ್ತದೆ. ಯೂಟ್ಯೂಬಿನ ತಾನಾಗಿ ಬರುವ ಕ್ಯಾಪ್ಷನ್ ದನಿ ಬದಲಿಸಿದ ಕಡೆ ಎಡವುತ್ತದೆ, ಅಂಥಲ್ಲಿ ಅದನ್ನು ನಂಬದೆ ಅರ್ಧ ನಿಮಿಷ ಹಿಂದಕ್ಕೆ ಹೋಗಿ ಇನ್ನೊಮ್ಮೆ ಕೇಳಿ.